ಮೇಟಿಯಲ್ಲಿ ನಿಂತವರು

ಲೇಖನದ ಜೊತೆ ಒಂದು ಲಾಠಿಯೂ ಬಂತು. ತಂದವನು ಎರಡನ್ನೂ ಸಂಪಾದಕರ ಮೇಜಿನ ಮೇಲಿಟ್ಟು, ಯಾರೂ ಹೇಳದೆಯೇ ಕುರ್ಚಿ ಎಳೆದುಕೊಂಡು ಕೂತ. ಘಾಟ್ಕೋಪರದ ಆಚೆ ಒಂದು ದೊಡ್ಡ ಕಾರ್ಖಾನೆಯ ಕಾವಲು ಪಡೆಗೆ ಅವನು ಅಧಿಕಾರಿ. ಅದಕ್ಕೂ ಮೊದಲು ಸೈನ್ಯದಲ್ಲಿದ್ದವನು. ಬಿದಿರಿನ ಲಾಠಿಯ ತುದಿಗೆ ಹಿತ್ತಾಳೆಯ ಕಟ್ಟು ಹಾಕಿತ್ತು. ಕಟ್ಟಿನ ಸಂದಿಯಲ್ಲಿ ಒಣಗಿದ ಕಪ್ಪು ಕಲೆ. ಅದೇನೆಂದು ಕೇಳುವ ಅಗತ್ಯ ನನಗೆ ಬೀಳಲಿಲ್ಲ.

"ಉಪಕರಣದ ವಿವರ ಕೊಡಬೇಕು ಅಂತ ನಿಮ್ಮ ಪತ್ರಿಕೆಯ ನಿಯಮವಂತೆ. ಇದೇ ನನ್ನ ಉಪಕರಣ," ಎಂದು ಅವನು ಹಿಂದಿಯಲ್ಲಿ ಹೇಳಿ ನಕ್ಕ. ನನಗೆ ಮೊದಲೇ ಮೂಗಿನ ತುದಿಯಲ್ಲಿ ಕೋಪ. ಸಂಪಾದಕರು ಮೇಜಿನ ಕೆಳಗಿನಿಂದ ನನ್ನ ಕಾಲನ್ನು ಒತ್ತಿದರು.

ಸಮ್ಮರ್ದ ಶಾಸ್ತ್ರವೆಂದರೆ ಈಗಿನವರಿಗೆ ಗೊತ್ತಿರಲಿಕ್ಕಿಲ್ಲ. ಆಗಿನವರಿಗೂ ಗೊತ್ತಿರಲಿಲ್ಲ ಬಿಡಿ. ಜನ ಕಿಕ್ಕಿರಿದಾಗ ಆ ಗುಂಪು ಹೇಗೆ ಹರಿಯುತ್ತದೆ, ಎಲ್ಲಿ ಕಟ್ಟಿಕೊಳ್ಳುತ್ತದೆ, ಎಷ್ಟು ಒತ್ತಡಕ್ಕೆ ಮನುಷ್ಯರನ್ನು ಕೊಲ್ಲಲು ಶುರುಮಾಡುತ್ತದೆ ಎಂದು ಅಳೆಯುವ ವಿದ್ಯೆ ಅದು. ಜಗತ್ತಿನಲ್ಲಿ ಅದಕ್ಕೆ ಇದ್ದದ್ದು ಒಂದೇ ಪತ್ರಿಕೆ. ಅದು ಮೂರು ತಿಂಗಳಿಗೊಮ್ಮೆ ಘಾಟ್ಕೋಪರದ ಒಂದು ಚಾಳಿನ ನೆಲಮಾಳಿಗೆಯಿಂದ ಹೊರಡುತ್ತಿತ್ತು. ಇಂಗ್ಲಿಷಿನಲ್ಲಿ ಅದರ ಹೆಸರು ಒಂದೂವರೆ ಸಾಲಿನಷ್ಟು ಉದ್ದವಿತ್ತು. ನಾವು 'ಸಮ್ಮರ್ದ' ಎನ್ನುತ್ತಿದ್ದೆವು. ನಾವು ಎಂದರೆ ಮೂರೇ ಜನ. ಉಡುಪಿ ಕಡೆಯಿಂದ ಬಂದು ಕಾಲೇಜಿನಲ್ಲಿ ಭೌತಶಾಸ್ತ್ರ ಕಲಿಸಿ ನಿವೃತ್ತರಾಗಿದ್ದ ಸಂಪಾದಕರು. ಬೆಳಗಾವಿಯ ಗರಡಿಯಲ್ಲಿ ಬೆಳೆದು ಮುಂಬಯಿಯಲ್ಲಿ ಅಚ್ಚುಮೊಳೆ ಜೋಡಿಸುತ್ತಿದ್ದ ಕಂಪಾಜಿಟರ್. ಮತ್ತು ಧಾರವಾಡದಲ್ಲಿ ಪದವಿ ಮುಗಿಸಿ ಬಂದ ನಾನು. ಕರಡು ತಿದ್ದುವುದು, ಅಂಚೆಗೆ ಹಾಕುವುದು, ಏಟು ತಿನ್ನುವುದು, ಮೂರೂ ನನ್ನ ಕೆಲಸ.

ಏಟು ತಿನ್ನುವುದು ಎಂದದ್ದು ತಮಾಷೆಗಲ್ಲ. ಬೇರೆ ವಿದ್ವತ್ ಪತ್ರಿಕೆಗಳಲ್ಲಿ ಲೇಖನ ಬಂದರೆ ಪರಿಣತರು ಮನೆಯಲ್ಲಿ ಕೂತು ಓದಿ ಅಭಿಪ್ರಾಯ ಬರೆಯುತ್ತಾರೆ. ನಮ್ಮಲ್ಲಿ 'ಮರುನಡಿಗೆ' ಎಂಬ ಪದ್ಧತಿ ಇತ್ತು. ಲೇಖಕ ಯಾವ ಗುಂಪಿನ ಬಗ್ಗೆ ಬರೆದಿದ್ದಾನೋ ಅಂಥದೇ ಗುಂಪಿನೊಳಗೆ ಪತ್ರಿಕೆಯವನೊಬ್ಬ ಹೋಗಿ ನಿಂತು ಅಳೆದು ಬರಬೇಕು. ಬಿಸಿನೀರಿನ ಶಾಖ ಕೊಡುವ ರಬ್ಬರ್ ಚೀಲಕ್ಕೆ ನೀರು ತುಂಬಿ ಅಂಗಿಯ ಒಳಗೆ ಎದೆಗೆ ಬಿಗಿದುಕೊಳ್ಳುವುದು. ಚೀಲದಿಂದ ಒಂದು ಸಣ್ಣ ಕೊಳವೆ ಸೊಂಟದ ತಗಡಿನ ಡಬ್ಬಿಗೆ. ಡಬ್ಬಿಯೊಳಗೆ ಗಡಿಯಾರದ ಯಂತ್ರದಿಂದ ತಿರುಗುವ ಉರುಳೆ, ಅದರ ಸುತ್ತ ದೀಪದ ಮಸಿ ಹಿಡಿಸಿದ ಕಾಗದ. ಎದೆಯ ಮೇಲೆ ಜನ ಒತ್ತಿದಷ್ಟೂ ಒಂದು ಮುಳ್ಳು ಮಸಿಯನ್ನು ಕೆರೆಯುತ್ತ ಬಿಳಿ ಗೆರೆಯನ್ನು ಮೇಲೇರಿಸುತ್ತಿತ್ತು.

ಆದರೆ ಆ ಮುಳ್ಳಿಗೆ ಗುಂಪಿನ ಒತ್ತಡ ಯಾವುದು, ನಮ್ಮದೇ ಉಸಿರು ಯಾವುದು ಎಂಬ ಭೇದವಿರಲಿಲ್ಲ. ಕೂಗಿದರೆ ಎದೆ ಉಬ್ಬಿ ಗೆರೆ ಎಗರುತ್ತಿತ್ತು. ಬಗ್ಗಿದರೆ ಚೀಲ ಮಡಚಿ ಮುಳ್ಳು ಕಾಗದ ಬಿಟ್ಟು ಹೋಗುತ್ತಿತ್ತು. ಆದ್ದರಿಂದ ಗುಂಪಿನೊಳಗೆ ನೋಟಗಾರ ಮಾತನಾಡಬಾರದು, ಬಗ್ಗಬಾರದು, ಯಾರನ್ನೂ ತಳ್ಳಬಾರದು. ತಪ್ಪಿದರೆ ಆ ಮರುನಡಿಗೆ ರದ್ದು. ಕಂಪಾಜಿಟರ್ ಇದಕ್ಕೆ 'ಹೆಣದ ವ್ರತ' ಎಂದು ಹೆಸರಿಟ್ಟಿದ್ದ.

ಇನ್ನೊಂದು ನಿಯಮವಿತ್ತು. ಸಂಚಿಕೆ ಹೊರಡುವುದರೊಳಗೆ ಮರುನಡಿಗೆಯಲ್ಲಿ ಸುಳ್ಳೆಂದು ತೋರದ ಲೇಖನವನ್ನು ಅಚ್ಚು ಹಾಕಲೇಬೇಕು. ಸಂಪಾದಕರ ಮೊದಲ ಪ್ರಬಂಧವನ್ನು ಯಾರೋ ದೊಡ್ಡ ಪ್ರೊಫೆಸರರು ಹೊಟ್ಟೆಕಿಚ್ಚಿಗೆ ವರ್ಷಗಟ್ಟಲೆ ಡ್ರಾಯರಿನಲ್ಲಿ ಕೊಳೆಹಾಕಿದ್ದರಂತೆ. ತನ್ನ ಕೈಯಿಂದ ಯಾರಿಗೂ ಹಾಗಾಗಬಾರದು ಎಂದು ಅವರೇ ಮಾಡಿಕೊಂಡ ನಿಯಮ ಅದು.

ಕಾವಲಧಿಕಾರಿಯ ಲೇಖನದ ಸಾರ ಇಷ್ಟು. ಅವನ ಕಾರ್ಖಾನೆಗೆ ಮಾಲೀಕರು ಬೀಗ ಹಾಕಿದ್ದರು. ಕೆಲಸ ಕಳೆದುಕೊಂಡವರು ದಿನಾ ಬೆಳಿಗ್ಗೆ ಗೇಟಿನ ಮುಂದೆ ಸೇರುತ್ತಿದ್ದರು. ಹೊಸ ಆಳುಗಳನ್ನು ತುಂಬಿದ ಲಾರಿ ಅವರನ್ನು ದಾಟಿ ಒಳಗೆ ಹೋಗಬೇಕು. ಎಲ್ಲ ಕಡೆಯಿಂದ ಹೊಡೆದರೆ ಗುಂಪು ಕಲ್ಲು ಹಿಡಿದು ನಿಲ್ಲುತ್ತದೆ. ಅದರ ಬದಲು ರಸ್ತೆಯ ಕಡೆಯ ಅಂಚಿಗೆ ಮಾತ್ರ ಹೊಡೆದರೆ ಇಡೀ ಗುಂಪು ಗೇಟಿನ ಬಲಗಡೆಯ ಕಲ್ಲುಕಂಬದ ಸುತ್ತ ತಿರುಗಿ ತಾನಾಗಿ ದಾರಿ ಬಿಡುತ್ತದೆ ಎಂದು ಅವನ ವಾದ. ತನ್ನ ಆಳುಗಳಿಗೆ ಇಂಥದೇ ಡಬ್ಬಿ ಕಟ್ಟಿ ತೆಗೆಸಿದ ಅಂಚಿನ ಗೆರೆ, ನಡುವಿನ ಗೆರೆ, ಎಲ್ಲ ಅಚ್ಚುಕಟ್ಟಾಗಿ ಲಗತ್ತಿಸಿದ್ದ. ಕಂಬದ ಹತ್ತಿರದ ಗೆರೆ ಮಾತ್ರ ಇರಲಿಲ್ಲ. 'ಚಕ್ರದ ಅಚ್ಚಿನಂತೆ ಇಲ್ಲಿ ಚಲನೆ ಇಲ್ಲದ್ದರಿಂದ ಒತ್ತಡ ಸೊನ್ನೆಯೆಂದು ಭಾವಿಸಬಹುದು' ಎಂದು ಒಂದು ಸಾಲು ಬರೆದು ಕೈತೊಳೆದುಕೊಂಡಿದ್ದ.

"ಒಂದು ಹನಿ ರಕ್ತ ಬೀಳುವುದಿಲ್ಲ. ಮಾಲೀಕರ ಸಂಘದವರು ಕಾಯುತ್ತಿದ್ದಾರೆ," ಎಂದ. "ಶಾಸ್ತ್ರದ ಪತ್ರಿಕೆಯಲ್ಲಿ ಅಚ್ಚಾದರೆ ಎಲ್ಲ ಗೇಟುಗಳಿಗೂ ಇದೇ ಪದ್ಧತಿ. ಕೋರ್ಟಿನಲ್ಲೂ ಯಾರೂ ಉಸಿರೆತ್ತುವಂತಿಲ್ಲ."

ಅವನು ಹೋದಮೇಲೆ ಸಂಪಾದಕರು ಕಲ್ಲುಕಂಬದ ಚಿತ್ರದ ಮೇಲೆ ಬೆರಳಿಟ್ಟು, "ಇಲ್ಲಿ ಸೊನ್ನೆ ಅಂತೆ. ನಿನಗೆ ಎಂತ ಕಾಣ್ತದೆ ಮಾರಾಯ?" ಎಂದರು.

"ಸರ, ನಮ್ಮ ಕಡೆ ಕಣದಾಗ ಮೇಟಿ ಕಂಬ ಇರ್ತೈತ್ರಿ," ಎಂದೆ. "ಎತ್ತು ಎಲ್ಲಾ ಅದರ ಸುತ್ತ ತಿರಗತಾವ. ಮೇಟಿ ಏನ್ ತಿರಗೂದಿಲ್ಲ. ಆದ್ರ ಸುಗ್ಗಿ ಮುಗಿಯೂದ್ರಾಗ ಅದರ ಮೈಯಾಗ ಹಗ್ಗ ಹೆಂಗ ಕೊರದಿರ್ತೈತಿ ಅಂದ್ರ, ಬೆರಳು ಹೋಗ್ತೈತಿ."

"ಹಾಗಾದ್ರೆ ಮೇಟಿಯಲ್ಲಿ ಹೋಗಿ ನಿಲ್ಲು," ಎಂದರು.

ಮೊದಲ ಸಲ ಹೋದದ್ದು ಅಪಹಾಸ್ಯವಾಯಿತು. ಎಣ್ಣೆ ಕಲೆಯ ಅಂಗಿ ಹಾಕಿಕೊಂಡು ಕಾರ್ಮಿಕರ ನಡುವೆ ನುಸುಳಿ ಕಂಬದ ಹತ್ತಿರ ಹೋಗುವುದರಲ್ಲೇ ಯಾರದೋ ಮೊಣಕೈ ತಾಗಿ ಹಳೆಯ ರಬ್ಬರ್ ಚೀಲ ಒಡೆಯಿತು. ನೀರು ಪ್ಯಾಂಟಿಗೆ ಇಳಿಯಿತು. ಹೆದರಿ ಉಚ್ಚೆ ಹೊಯ್ದುಕೊಂಡಿದ್ದಾನೆ ಎಂದು ಪಕ್ಕದವರು ನನ್ನನ್ನು ಕನಿಕರದಿಂದ ಹಿಂದಕ್ಕೆ ಕಳಿಸಿಕೊಟ್ಟರು. ಲಾಠಿ ಇನ್ನೂ ಎದ್ದಿರಲಿಲ್ಲ. ನಾಚಿಕೆಯಿಂದ ಲೋಕಲ್ ಹತ್ತದೆ ಹಳಿ ಪಕ್ಕದಲ್ಲಿ ನಡೆದೇ ಬಂದೆ.

ಹೊಸ ಚೀಲ ತಂದು, ಅದರ ಮೇಲೆ ಕ್ಯಾನ್ವಾಸಿನ ಹೊದಿಕೆ ಹೊಲಿಸಿ, ಮುಂದಿನ ವಾರ ಮತ್ತೆ ಹೋದೆ. ಈ ಸಲ ಕಂಬಕ್ಕೆ ಬೆನ್ನು ಕೊಟ್ಟು ನಿಲ್ಲಲು ಸಾಧ್ಯವಾಯಿತು. ಲಾರಿ ಕಾಣಿಸಿತು. ಘೋಷಣೆ ಎದ್ದಿತು. ಕಾವಲಿನವರು ಗೇಟಿನ ಸಣ್ಣ ಬಾಗಿಲಿನಿಂದ ಸಾಲಾಗಿ ಹೊರಬಂದು ರಸ್ತೆಯ ಅಂಚಿಗೆ ಹೋಗಿ ಹೊಡೆಯಲು ಶುರುಮಾಡಿದರು. ತಲೆಗೆ ಹೊಡೆಯಲಿಲ್ಲ. ಲೇಖನದಲ್ಲಿ ಹೇಳಿದಂತೆ ಮೊಣಕಾಲಿನ ಚಿಪ್ಪಿಗೆ, ಮುಂಗೈ ಮೂಳೆಗೆ. ಒಣಗಿದ ಕಟ್ಟಿಗೆ ಮುರಿದ ಸದ್ದು ಮೊದಲು, ಆಮೇಲೆ ಕಿರುಚಾಟ. ಒಬ್ಬ ಕಾವಲಿನವನ ಕಾಲನ್ನು ಯಾರೋ ಹಿಡಿದೆಳೆದರು. ಅವನು ಬಿದ್ದ ಜಾಗದಲ್ಲಿ ಚಪ್ಪಲಿ ಕಾಲುಗಳು ಅವನ ಮುಖದ ಮೇಲೆ ಎದ್ದು ಬಿದ್ದವು. ಇನ್ನೊಬ್ಬನ ದವಡೆಗೆ ಕಲ್ಲು ಬಡಿದು ಬಾಯಿ ಒಂದು ಕಡೆಗೆ ತೆರೆದೇ ಉಳಿಯಿತು.

ಆಗ ಗುಂಪು ತಿರುಗತೊಡಗಿತು. ಲೇಖಕ ಬರೆದದ್ದು ನಿಜ. ಅಂಚಿನವರು ಮುಂದಕ್ಕೆ ಓಡಿದರು, ನಡುವಿನವರು ಓರೆಯಾದರು, ದಾರಿ ಬಿಟ್ಟುಕೊಂಡಿತು, ಲಾರಿ ಒಳಗೆ ಹೊರಟಿತು. ಆ ತಿರುಗುವಿಕೆಯ ಭಾರವೆಲ್ಲ ಬಂದು ಬಿದ್ದದ್ದು ಕಂಬದ ಮೇಲೆ, ಎಂದರೆ ನನ್ನ ಮೇಲೆ. ಕಾಲು ನೆಲ ಬಿಟ್ಟಿತು. ಉಸಿರು ಹೊರಗೆ ಹೋಯಿತು, ಒಳಗೆ ಬರಲಿಲ್ಲ. ನನ್ನ ಮುಂದಿದ್ದವನ ಮೂಗಿನಿಂದ ರಕ್ತ ಹರಿದು ನನ್ನ ಕುತ್ತಿಗೆಗೆ ಇಳಿಯುತ್ತಿತ್ತು. ಅವನು ನನ್ನ ಕಣ್ಣಿನಲ್ಲಿ ಕಣ್ಣಿಟ್ಟು ನೋಡುತ್ತಲೇ ಕೆಳಗೆ ಜಾರಿದ. ಅವನು ಜಾರಿದ ಜಾಗಕ್ಕೆ ಇನ್ನೊಬ್ಬ ಬಂದ.

ಎಷ್ಟು ಹೊತ್ತು ತಡೆದೆನೋ ತಿಳಿಯದು. ಕೆಳಗಿನಿಂದ ಒಂದು ಕೈ ನನ್ನ ಮೊಣಕಾಲನ್ನು ಹಿಡಿದುಕೊಂಡಿತು. ಆ ಹಿಡಿತ ಸಡಿಲವಾಗುತ್ತ ಬಂತು. ಈ ಗೆರೆ ಪೂರ್ತಿಯಾಗದಿದ್ದರೆ ಲೇಖನ ಅಚ್ಚಾಗುತ್ತದೆ, ಎಲ್ಲ ಗೇಟುಗಳಲ್ಲೂ ಹೀಗೆಯೇ ಜನ ಸಾಯುತ್ತಾರೆ ಎಂಬುದು ನನಗೆ ಚೆನ್ನಾಗಿ ಗೊತ್ತಿತ್ತು. ಗೊತ್ತಿದ್ದೂ ಬಗ್ಗಿದೆ. ಭುಜ ಕೊಟ್ಟು ಎದುರಿನವನನ್ನು ತಳ್ಳಿದೆ, ಕಚ್ಚಿದೆ, "ಸರೀರಿ, ಸರೀರಿ" ಎಂದು ಅಲ್ಲಿ ಯಾರಿಗೂ ತಿಳಿಯದೆಂದುಕೊಂಡಿದ್ದ ಕನ್ನಡದಲ್ಲಿ ಅರಚಿದೆ. ಬಿದ್ದವನ ಕಂಕುಳಿಗೆ ಕೈ ಹಾಕಿ ಎತ್ತಿ ಕಂಬದ ಸಂದಿಗೆ ನೂಕಿ ಅವನ ಮುಂದೆ ಕೈ ಊರಿ ನಿಂತೆ. ಅವನು ವಾಂತಿ ಮಾಡಿಕೊಂಡ. ವಾಂತಿ ಮಾಡಿಕೊಳ್ಳುವಷ್ಟು ಉಸಿರಿದೆಯಲ್ಲ ಎಂದು ನನಗೆ ಕುಣಿದಾಡುವಷ್ಟು ಸಂತೋಷವಾಯಿತು.

ಆಫೀಸಿನಲ್ಲಿ ಸಂಪಾದಕರು ಮಸಿ ಕಾಗದವನ್ನು ಬಿಡಿಸಿ ಮೇಜಿನ ಮೇಲೆ ಹರಡಿದರು. ಗೆರೆ ಏರುತ್ತ ಹೋಗಿ, ಇನ್ನೇನು ತುದಿ ಮುಟ್ಟಬೇಕು ಎನ್ನುವಲ್ಲಿ ಕಾಗದ ಬಿಟ್ಟು ಹೋಗಿತ್ತು. ಆಮೇಲೆ ಬರೀ ಗೀಚು.

"ಬಗ್ಗಿದ್ದೀಯ," ಎಂದರು.

"ಮನಷ್ಯಾ ಸಾಯ್ತಿದ್ದಾರೀ ಸರ."

"ಬದುಕಿದನಾ?"

"ಬದಕ್ಯಾನ್ರಿ."

"ಒಳ್ಳೇದಾಯ್ತು," ಎಂದು ಕನ್ನಡಕ ತೆಗೆದರು. "ಆದ್ರೆ ಇದು ರದ್ದು," ಎಂದರು.

ನನ್ನ ತಲೆ ಕೆಟ್ಟುಹೋಯಿತು. ಏರಿದಷ್ಟು ಗೆರೆಯನ್ನೇ ತೋರಿಸೋಣ, ಗೀಚಿದ ಭಾಗವನ್ನು ಕತ್ತರಿಸಿ ಬಿಸಾಡೋಣ ಎಂದೆ. ಕೂಗಾಡಿದೆ. ಅವರು ಲೇಖನದ ಪುಟವನ್ನು ನನ್ನ ಮುಂದೆ ಹಿಡಿದು, "ಇವನು ಮಾಡಿದ್ದು ಅದೇ ಅಲ್ವಾ? ತನಗೆ ಬೇಡದ್ದನ್ನು ಕತ್ತರಿಸಿದ. ನಾವೂ ಕತ್ತರಿಸಿದ್ರೆ ಇವನನ್ನು ಯಾವ ಬಾಯಿಂದ ಸುಳ್ಳ ಅಂತ ಹೇಳುದು?" ಎಂದರು. ಕಂಪಾಜಿಟರಿಗೆ ಲೇಖನದ ಮೊಳೆ ಜೋಡಿಸಲು ಹೇಳಿದರು. ಅವನು ನನ್ನ ಮುಖ ನೋಡಿದ, ಅವರ ಮುಖ ನೋಡಿದ, ಆಮೇಲೆ ಮೊಳೆ ಪೆಟ್ಟಿಗೆಯ ಮುಂದೆ ಹೋಗಿ ನಿಂತ. ಆ ಸಂಜೆ ಅವರಿಬ್ಬರ ಮೇಲೂ ನನಗೆ ಹೇಸಿಗೆ ಹುಟ್ಟಿತ್ತು.

ಎರಡು ದಿನ ಬಿಟ್ಟು ಕಾವಲಧಿಕಾರಿ ನಾಲ್ಕು ಜನರನ್ನು ಕರೆದುಕೊಂಡು ಬಂದ. ಸೊಂಟಕ್ಕೆ ಡಬ್ಬಿ ಕಟ್ಟಿಕೊಂಡವನೊಬ್ಬ ಕಂಬದ ಹತ್ತಿರ ಇದ್ದನೆಂದು ಅವನಿಗೆ ಸುದ್ದಿ ಮುಟ್ಟಿತ್ತು. ಜೋಡಿಸುತ್ತಿದ್ದ ಪುಟ ತನ್ನದೇ ಲೇಖನದ್ದು ಎಂದು ನೋಡಿ ಸಮಾಧಾನವೇನೋ ಆಯಿತು. ಆದರೂ ಎಚ್ಚರಿಕೆ ಕೊಟ್ಟು ಹೋಗುವುದು ಅವನ ವೃತ್ತಿಧರ್ಮ. "ಮತ್ತೆ ಬಂದರೆ ಗೇಟಿನಲ್ಲೇ ಹೂಳುತ್ತೇನೆ," ಎಂದು ನನ್ನ ಕೊರಳಪಟ್ಟಿ ಹಿಡಿದು ಗೋಡೆಗೆ ಬಡಿದ. ಅವನ ಜನ ಉರುಳೆಯ ಡಬ್ಬಿಯನ್ನು ನೆಲಕ್ಕೆ ಹಾಕಿ ತುಳಿದರು. ಮೊಳೆ ಪೆಟ್ಟಿಗೆಗಳನ್ನು ಎಳೆದು ಸುರಿದರು. ಕಂಪಾಜಿಟರ್ ಅವರಲ್ಲೊಬ್ಬನನ್ನು ಎತ್ತಿ ಅಚ್ಚಿನ ಯಂತ್ರದ ಮೇಲೆ ಒಗೆದ. ಇನ್ನೊಬ್ಬನ ಪಕ್ಕೆಲುಬು ಅವನ ಮೊಣಕೈಗೆ ಮುರಿದದ್ದು ನನಗೆ ಕೇಳಿಸಿತು. ಕೊನೆಗೆ ಮೂವರು ಸೇರಿ ಅವನನ್ನು ಬೀಳಿಸಿ, ಬಲಗೈಯನ್ನು ಪುಟ ಕಟ್ಟುವ ಕಲ್ಲಿನ ಮೇಲೆ ಚಾಚಿ ಹಿಡಿದು, ಮೊಳೆ ಬಿಗಿಯುವ ಕಬ್ಬಿಣದ ಚೌಕಟ್ಟಿನಿಂದ ಬೆರಳುಗಳ ಮೇಲೆ ಹೊಡೆದರು. ಮೊಳೆ ಜೋಡಿಸುವವನ ಬೆರಳು. ಅವನು ಕೂಗಲೇ ಇಲ್ಲ. ಹೊಡೆದವನ ಮುಖವನ್ನೇ ನೋಡುತ್ತಿದ್ದ.

ಅವರು ಹೋದಮೇಲೆ ಸಂಪಾದಕರು ನೆಲದ ಮೇಲೆ ಮಂಡಿಯೂರಿ, ಗಲಾಟೆಯಲ್ಲಿ ಒಡೆದ ಹಣೆಯಿಂದ ಸುರಿಯುತ್ತಿದ್ದ ರಕ್ತವನ್ನು ಪಂಚೆಯ ತುದಿಯಿಂದ ಒರೆಸಿಕೊಳ್ಳುತ್ತ ಮೊಳೆಗಳನ್ನು ಆರಿಸತೊಡಗಿದರು.

"ಇನ್ನೂ ಅಚ್ಚ ಹಾಕ್ತೀರೇನ್ರಿ?" ಎಂದು ಕೇಳಿದೆ. "ಇವನ ಕೈ ನೋಡ್ರಿ. ಇನ್ನೂ ನಿಯಮ ಅಂತೀರೇನ್ರಿ?"

"ಹೊಡೆದವನು ಕೆಟ್ಟವನು ಅಂತ ಗೊತ್ತುಂಟು. ಅವನ ಲೆಕ್ಕ ತಪ್ಪು ಅಂತ ಇನ್ನೂ ಗೊತ್ತಾಗ್ಲಿಲ್ಲ ಮಾರಾಯ," ಎಂದು ತಲೆ ಎತ್ತಿದರು. "ಸಂಚಿಕೆಗೆ ಇನ್ನೂ ಸಮಯ ಉಂಟು. ಡಬ್ಬಿ ರಿಪೇರಿ ಮಾಡು. ಈ ಸಲ ನಾನು ನಿಲ್ತೇನೆ."

"ನಾನಽ ಹೋಗ್ತೀನ್ರಿ. ನಿಮ್ಮ ವಯಸ್ಸಿಗೆ ಅಲ್ಲಿ—"

"ನೀನು ಮತ್ತೆ ಬಗ್ತೀಯ," ಎಂದರು. ಬೈಗುಳದಂತೆ ಹೇಳಲಿಲ್ಲ. ಹವೆ ಹೇಗಿದೆ ಎಂದು ಹೇಳುವಂತೆ ಹೇಳಿದರು.

ಡಬ್ಬಿಯನ್ನು ಬಡಿದು ನೆಟ್ಟಗೆ ಮಾಡಿ, ಗಡಿಯಾರ ರಿಪೇರಿಯವನಿಂದ ಹಲ್ಲುಚಕ್ರ ಹಾಕಿಸಿದೆ. ಸಂಪಾದಕರು ಮೀಸೆ ಬೋಳಿಸಿ, ಖಾಕಿ ಚಡ್ಡಿ ತೊಟ್ಟು, ತಲೆಗೆ ಟವೆಲು ಸುತ್ತಿಕೊಂಡರು. ನಾನು ಮತ್ತು ಕೈಗೆ ಬ್ಯಾಂಡೇಜು ಸುತ್ತಿದ ಕಂಪಾಜಿಟರ್ ರಸ್ತೆಯ ಈಚೆಯ ಒಂದು ಚಾಳಿನ ಗ್ಯಾಲರಿಯಲ್ಲಿ ನಿಂತು ನೋಡಬೇಕು, ಏನೇ ಆದರೂ ಕೆಳಗೆ ಇಳಿಯಬಾರದು ಎಂದು ಅಪ್ಪಣೆಯಾಯಿತು.

ಅವತ್ತಿನಷ್ಟು ಜನ ನಾನು ಆ ಗೇಟಿನಲ್ಲಿ ಕಂಡಿರಲಿಲ್ಲ. ಹಿಂದಿನ ದಿನಗಳಲ್ಲಿ ಮೊಣಕಾಲು ಮುರಿಸಿಕೊಂಡವರ ತಮ್ಮಂದಿರು, ಭಾವಂದಿರು ಎಲ್ಲ ಬಂದಂತಿತ್ತು. ಕೈಯಲ್ಲಿ ಸೈಕಲ್ ಚೈನು, ಬೋಲ್ಟು, ಹಳಿಯ ಜಲ್ಲಿಕಲ್ಲು. ಕಾವಲಿನವರೂ ಹೆಚ್ಚಾಗಿದ್ದರು. ಸಂಪಾದಕರ ಟವೆಲು ಕಂಬದ ಪಕ್ಕದಲ್ಲಿ ಸ್ವಲ್ಪ ಹೊತ್ತು ಕಾಣಿಸಿತು. ಲಾರಿ ಬಂದಾಗ ಮುಳುಗಿತು.

ಗ್ಯಾಲರಿಯಿಂದ ಎಲ್ಲವೂ ಕಾಣುತ್ತಿತ್ತು. ಅಂಚಿನಲ್ಲಿ ಲಾಠಿ ಎದ್ದು ಬೀಳುತ್ತಿತ್ತು. ಈ ಸಲ ತಲೆ, ಮೊಣಕಾಲು ಎಂದು ನೋಡುತ್ತಿರಲಿಲ್ಲ. ಒಬ್ಬ ಹುಡುಗನ ಹಣೆ ಒಡೆದು ಕಣ್ಣು ಮುಚ್ಚುವಷ್ಟು ರಕ್ತ ಇಳಿದಿತ್ತು, ಅವನು ಕುರುಡನಂತೆ ಚೈನು ಬೀಸುತ್ತ ತನ್ನವರನ್ನೇ ಹೊಡೆಯುತ್ತಿದ್ದ. ಲಾರಿಯ ಗಾಜು ಒಡೆದು ಡ್ರೈವರನ ಮುಖಕ್ಕೆ ನಟ್ಟಿತು. ಅವನು ಬ್ರೇಕು ಹಾಕುವ ಬದಲು ನುಗ್ಗಿಸಿದ. ಗುಂಪು ತಿರುಗಿತು. ಮೇಲಿನಿಂದ ನೋಡಿದರೆ ಎಷ್ಟು ಸಲೀಸಾಗಿ ತಿರುಗಿತೆಂದರೆ, ಲೇಖಕನಿಗೆ ಒತ್ತಡ ಸೊನ್ನೆಯೆಂದು ಏಕೆ ಅನ್ನಿಸಿತೆಂದು ನನಗೆ ಆಗ ಅರ್ಥವಾಯಿತು. ಅವನು ಯಾವಾಗಲೂ ಗೇಟಿನ ಮೇಲಿನ ಕೋಣೆಯಿಂದ ನೋಡಿದ್ದ.

ನಾನು ಮೆಟ್ಟಿಲು ಇಳಿಯಲು ಹೊರಟೆ. ಕಂಪಾಜಿಟರ್ ಎಡಗೈಯಿಂದ ನನ್ನ ಸೊಂಟ ಹಿಡಿದು ಎತ್ತಿಕೊಂಡ. "ಈಗ ಹೋದ್ರ ಅವರು ನಿಂತದ್ದು ದಂಡ ಆಗ್ತೈತಿ," ಎಂದ. ನಾನು ಅವನ ಮುಖಕ್ಕೆ ಗುದ್ದಿದೆ. ಅವನು ಬಿಡಲಿಲ್ಲ.

ಗೇಟು ಮುಚ್ಚಿತು. ಜನ ಚದುರಿದರು. ರಸ್ತೆಯ ತುಂಬ ಚಪ್ಪಲಿ, ಟೊಪ್ಪಿಗೆ, ಹರಿದ ತೋಳು. ಕಂಬಕ್ಕೆ ಬೆನ್ನು ಹಚ್ಚಿ ಸಂಪಾದಕರು ನೆಟ್ಟಗೆ ನಿಂತಿದ್ದರು. ಎರಡೂ ಕೈ ಇಳಿಬಿಟ್ಟಿದ್ದರು. ಕೆಳತುಟಿಯನ್ನು ತಾವೇ ಕಚ್ಚಿ ಹರಿದುಕೊಂಡಿದ್ದರು, ರಕ್ತ ಗದ್ದದಿಂದ ತೊಟ್ಟಿಕ್ಕುತ್ತಿತ್ತು. ಅವರ ಕಾಲ ಬುಡದಲ್ಲಿ ಒಬ್ಬ ಮಲಗಿದ್ದ.

ನಾನು ಓಡಿ ಹೋದೆ. ಅವರು ಸೊಂಟದ ಕಡೆ ಕಣ್ಣು ತೋರಿಸಿ, "ಉರುಳೆ ನಿಲ್ಸು," ಎಂದರು. ಅದು ಅವರ ಮೊದಲ ಮಾತು.

ಮಲಗಿದ್ದವನನ್ನು ಕೈಗಾಡಿಯಲ್ಲಿ ಹಾಕಿಕೊಂಡು ಆಸ್ಪತ್ರೆಗೆ ಓಡಿದೆವು. ಡಾಕ್ಟರು ಮುಟ್ಟಿ ನೋಡಿ ತಲೆಯಾಡಿಸಿದರು. ಮೈಮೇಲೆ ಲಾಠಿಯ ಒಂದು ಏಟೂ ಇರಲಿಲ್ಲ. ಎದೆಗೂಡು ಮಾತ್ರ ಒಳಗೆ ಕುಸಿದಿತ್ತು. ಸಂಪಾದಕರ ಮೂರು ಪಕ್ಕೆಲುಬು ಮುರಿದಿದ್ದವು. ಅವರನ್ನು ಅಲ್ಲೇ ಒಂದು ಮಂಚದ ಮೇಲೆ ಮಲಗಿಸಿದರು.

ಮಸಿ ಕಾಗದದ ಮೇಲಿನ ಗೆರೆ ಒಂದು ಕಡೆಯೂ ಎಗರಿರಲಿಲ್ಲ. ಏರಿ, ಕಾಗದದ ಮೇಲಂಚಿನವರೆಗೆ ಹೋಗಿ, ಅಲ್ಲೇ ನಿಂತು, ಆಮೇಲೆ ಇಳಿದಿತ್ತು. ಪೂರ್ತಿ ಮರುನಡಿಗೆ. ಲೇಖನ ಸುಳ್ಳೆಂದು ತೋರಿಸಲು ಅದೊಂದು ಕಾಗದ ಸಾಕಿತ್ತು. ಅದನ್ನು ಹಿಡಿದು ಮಂಚದ ಪಕ್ಕದಲ್ಲಿ ಕೂತಾಗ ಅವರ ಮುಖ ನೋಡಲು ನನಗೆ ಅಸಹ್ಯವಾಗುತ್ತಿತ್ತು. ಕಾಲು ಒತ್ತಿ ಕೊಡೋಣವೆಂದೂ ಅನ್ನಿಸುತ್ತಿತ್ತು. ಎರಡನ್ನೂ ಮಾಡದೆ ಕೂತಿದ್ದೆ.

"ಅವನು ನಮ್ಮ ಭಾಷೆಯವನು," ಎಂದು ಅವರು ಚಾವಣಿ ನೋಡುತ್ತ ಹೇಳಿದರು. "ಮೊದಲು 'ಯವ್ವಾ' ಅಂದ. ನಿಮ್ಮ ಕಡೆಯವರು ಅನ್ನುವ ಹಾಗೆ. ಮತ್ತೆ 'ಅಣ್ಣಾ, ಕಾಲು' ಅಂದ. ನನ್ನ ಕಾಲು ಅವನ ಎದೆ ಮೇಲಿತ್ತು."

"ಜಾಗಾ ಇರಲಿಕ್ಕಿಲ್ರಿ ಸರ. ಅಲ್ಲಿ ಕಾಲು ಎತ್ತಾಕ ಬರೂದಿಲ್ಲ. ನನಗ ಗೊತ್ತೈತಿ."

"ಹಾಗೆ ಹೇಳಬಹುದು ನಾನು," ಎಂದರು. "ಜಾಗ ಇತ್ತು ಮಾರಾಯ."

ನಾನು ಎದ್ದು ಹೊರಗೆ ಹೋಗಿ ಆಸ್ಪತ್ರೆಯ ಕಾಂಪೌಂಡಿನಲ್ಲಿ ನಿಂತು ಅತ್ತೆ.

ಲೇಖನ ತಿರಸ್ಕೃತವಾಯಿತೆಂಬ ಕಾಗದವನ್ನೂ ಗೆರೆಯ ಪ್ರತಿಯನ್ನೂ ಲೇಖಕನಿಗೆ, ಮಾಲೀಕರ ಸಂಘಕ್ಕೆ ಕಳಿಸಿದೆವು. ಕಂಬದ ಬುಡದಲ್ಲಿ ಬೀಳುವ ಒತ್ತಡಕ್ಕೆ ಮನುಷ್ಯನ ಎದೆಗೂಡು ತಡೆಯುವುದಿಲ್ಲ ಎಂದು ಸಂಪಾದಕರು ಮಲಗಿದಲ್ಲಿಂದಲೇ ಹೇಳಿ ಬರೆಸಿದ್ದರು. ಸಂಘದವರಿಗೆ ಕಾರ್ಮಿಕರ ಮೇಲೆ ಮರುಕವೇನೂ ಹುಟ್ಟಲಿಲ್ಲ. ಆದರೆ ಹೀಗೊಂದು ಬರಹ ಇದೆಯೆಂದ ಮೇಲೆ ಹೆಣ ಬಿದ್ದರೆ ಕೋರ್ಟಿನಲ್ಲಿ ಗೊತ್ತಿರಲಿಲ್ಲ ಎನ್ನುವಂತಿಲ್ಲ. ಆ ಪದ್ಧತಿಯನ್ನು ಅಲ್ಲಿಗೇ ಕೈಬಿಟ್ಟರು. ಬೇರೆ ಯಾವ ಗೇಟಿಗೂ ಅದು ಬರಲಿಲ್ಲ.

ಕಾವಲಧಿಕಾರಿ ತನ್ನ ಹಸ್ತಪ್ರತಿ ವಾಪಸು ಒಯ್ಯಲು ಒಬ್ಬನೇ ಬಂದ. ಜಗಳವಾಡಲಿಲ್ಲ. ಬಾಗಿಲಲ್ಲಿ ನಿಂತು, "ನಾನು ಹೊರಗಿನಿಂದ ಹೊಡೆಸಿದೆ. ನಿಮ್ಮ ಸಾಹೇಬರು ಅವನ ಮೇಲೆಯೇ ನಿಂತು ಕೊಂದರು, ಜನ ಚದುರಿದ ಮೇಲೆ ಕೋಣೆಯಿಂದ ಕಂಡೆ. ಒಂದೇ ಕಸುಬು ನಮ್ಮದು," ಎಂದು ನಕ್ಕ. ನಾನು ಅವನ ಬಾಯಿಗೆ ಹೊಡೆದೆ. ಬಿದ್ದ ಮೇಲೂ ಹೊಡೆದೆ. ಅವನು ಎದ್ದು ನನ್ನ ಒಂದು ಹಲ್ಲು ಉದುರಿಸಿ, ಮೂಗು ಜಜ್ಜಿ ಹೋದ. ಅವನ ಮಾತು ಸುಳ್ಳಾಗಿದ್ದರೆ ನನಗೆ ಅಷ್ಟು ಸಿಟ್ಟು ಬರುತ್ತಿರಲಿಲ್ಲ.

ಸಂಚಿಕೆಯಲ್ಲಿ ಮರುನಡಿಗೆಯ ವರದಿ ಬರಬೇಕಿತ್ತು. ಕಂಪಾಜಿಟರ್ ಎಡಗೈಯಲ್ಲಿ ಒಂದೊಂದೇ ಮೊಳೆ ಹೆಕ್ಕಿ ಅದನ್ನು ಜೋಡಿಸಿದ್ದ. ವರದಿಯ ತಲೆಯಲ್ಲಿ, ಗುಂಪಿನೊಳಗೆ ನಿಂತ ನೋಟಗಾರನ ಹೆಸರು ಹಾಕುವುದು ವಾಡಿಕೆ. ಕರಡನ್ನು ಆಸ್ಪತ್ರೆಗೆ ಒಯ್ದಾಗ ಸಂಪಾದಕರು ತಮ್ಮ ಹೆಸರಿನ ಮೇಲೆ ಗೀಟು ಎಳೆದರು.

"ಮೇಟಿಯಲ್ಲಿ ಇದ್ದದ್ದು ನಾನಲ್ಲ, ಅವನು. ನಾನು ಅವನ ಮೇಲೆ ನಿಂತಿದ್ದೆ, ಅಷ್ಟೇ," ಎಂದರು. "ಅವನ ಹೆಸರು ಕೇಳ್ಕೊಂಡು ಬಾ. ಪೂರ್ತಿ ಹೆಸರು."

ಆಸ್ಪತ್ರೆಯಲ್ಲಿ ಹೆಣ ಒಯ್ದವರು ವಿಜಾಪುರ ಕಡೆಯವರು, ಗುಡ್ಡದ ಬುಡದ ಚಾಳಿನಲ್ಲಿರುತ್ತಾರೆ ಎಂದು ತಿಳಿಯಿತು. ಅಲ್ಲಿ ಹೋಗಿ ಕನ್ನಡದಲ್ಲಿ ವಿಚಾರಿಸಿದ್ದಕ್ಕೆ ಯಾರೋ ಕೊನೆಯ ಖೋಲಿ ತೋರಿಸಿದರು. ಅವನ ಹೆಂಡತಿ ಹೊಸ್ತಿಲ ಒಳಗೆ ಕೂತಿದ್ದಳು. ನನಗಿಂತ ಚಿಕ್ಕವಳು. ಊದಿದ ನನ್ನ ಮುಖ ನೋಡಿ ನಾನೂ ಗೇಟಿನಲ್ಲಿ ಹೊಡೆತ ತಿಂದವನೇ ಎಂದುಕೊಂಡಳೋ ಏನೋ, "ಒಳಗ ಬರ್ರಿ ಅಣ್ಣಾರ, ಕೂಡ್ರಿ," ಎಂದಳು.

ಪತ್ರಿಕೆ, ಶಾಸ್ತ್ರ, ಗೆರೆ, ಅವತ್ತು ನಾನೂ ಅಲ್ಲೇ ಇದ್ದೆ ಎಂದು ನಾನು ಏನೇನೋ ತೊದಲಿದೆ. ಅವಳಿಗೆ ಅದು ಬೇಕಿರಲಿಲ್ಲ. ಹೆಸರು ಅಚ್ಚಾಗುತ್ತದೆ ಎಂದಾಗ ತಲೆಯಾಡಿಸಿದಳು. ಗಂಡನ ಹೆಸರನ್ನು ತಾನು ಹೇಳುವಂತಿಲ್ಲವೆಂದು ಪಕ್ಕದ ಖೋಲಿಯ ಅಜ್ಜಿಯನ್ನು ಕರೆದು ಹೇಳಿಸಿದಳು. ಅಪ್ಪನ ಹೆಸರು, ಊರ ಹೆಸರು ಸೇರಿಸಿ ಬರೆದುಕೊಂಡೆ.

ನಾನು ಏಳುವಾಗ ಅವಳು, "ಅಣ್ಣಾರ, ಒಂದ್ ಮಾತ ಕೇಳ್ಲೇನ್ರಿ?" ಎಂದಳು. "ನೀವು ಅಲ್ಲೇ ಇದ್ರಿ ಅಂದ್ರಿ. ನಮ್ಮ ಮನಿಯವ್ರು ಬೀಳುಮುಂದ ಬಾಜೂಕ ಯಾರರ ಇದ್ರೇನ್ರಿ? ಈ ಊರಾಗ ನಮ್ಮ ಚಾಳಿನವ್ರನ್ನ ಬಿಟ್ರ ಅವ್ರಿಗೆ ಯಾರ್ ಮಾತೂ ತಿಳೀತಿದ್ದಿಲ್ಲ. ಒಬ್ರಽ ಹೋದ್ರೇನೋ ಅಂತ ಅದಽ ಒಂದ್ ಕೊರಗ ಆಗೇತ್ರಿ ನನಗ."

ಏಳುತ್ತಿದ್ದವನು ಮತ್ತೆ ಕೂತೆ.

"ಇದ್ರವ್ವಾ," ಎಂದೆ. "ಕನ್ನಡ ಮಾತಾಡೋರಽ ಒಬ್ಬ ಹಿರೇರು ಇದ್ರು. ಕಡೀತನಕಾ ಅಲ್ಲೇ ನಿಂತಿದ್ರು."

"ಅವ್ರ ಮಾತು ಕೇಳಿಸ್ಕೊಂಡ್ರೇನ್ರಿ?"

"ಕೇಳಿಸ್ಕೊಂಡ್ರವ್ವಾ."

ಅವಳು ಸೆರಗಿನಿಂದ ಕಣ್ಣೊರೆಸಿಕೊಂಡಳು. "ಹಂಗಾರ ಛಲೋ ಆತ್ ಬಿಡ್ರಿ," ಎಂದಳು. "ಆ ಹಿರ್ಯಾರಿಗೆ ನನ್ನ ಶರಣ ಹೇಳ್ರಿ."